ಕ್ಯಾಶುವಾಲ್ಟಿ ಬಾಗಿಲಲ್ಲಿ ಯಾರು ಮೊದಲು? ಆರೋಗ್ಯ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಆರೋಗ್ಯ ಮತ್ತು ಕುಟುಂಬ ಕಲ್ಯಾಣ ಸಚಿವರಿಗೆ,
ಕರ್ನಾಟಕ ಸರ್ಕಾರ

ಮಾನ್ಯರೇ, ನಮಸ್ಕಾರ.

ನಾನು ಸರ್ಕಾರಿ ಜಿಲ್ಲಾ ಆಸ್ಪತ್ರೆಯೊಂದರ ಕ್ಯಾಶುವಾಲ್ಟಿಯಲ್ಲಿ ಕೆಲಸ ಮಾಡಿ ನಿವೃತ್ತಳಾದ ನರ್ಸ್. ನನ್ನ ಬೇಡಿಕೆ ಒಂದೇ. ರಾಜ್ಯದ ಪ್ರತಿ ಜಿಲ್ಲಾ ಆಸ್ಪತ್ರೆ ಮತ್ತು ತಾಲ್ಲೂಕು ಆಸ್ಪತ್ರೆಯ ತುರ್ತು ವಿಭಾಗದ ಬಾಗಿಲಲ್ಲಿ, ಚೀಟಿ ಮಾಡಿಸುವ ಕೌಂಟರಿಗಿಂತ ಮುಂಚೆ, ತರಬೇತಾದ ಒಬ್ಬ ನರ್ಸ್ ಕೂರಬೇಕು. ಒಳಗೆ ಬರುವ ಪ್ರತಿಯೊಬ್ಬರನ್ನೂ ಎರಡು ಮೂರು ನಿಮಿಷ ನೋಡಿ ತಕ್ಷಣ ನೋಡಬೇಕಾದವರಿಗೆ ಕೆಂಪು, ಅವರ ನಂತರದವರಿಗೆ ಹಳದಿ, ಕಾಯಬಹುದಾದವರಿಗೆ ಹಸಿರು ಅಂತ ಗುರುತು ಕೊಡಬೇಕು. ಯಾವ ಬಣ್ಣದವರನ್ನು ಯಾವಾಗ ನೋಡುತ್ತಾರೆ ಎನ್ನುವುದು ಗೋಡೆ ಮೇಲೆ ದಪ್ಪ ಕನ್ನಡ ಅಕ್ಷರದಲ್ಲಿ ಬರೆದಿರಬೇಕು. ಆಸ್ಪತ್ರೆಯವರು ಇದನ್ನು ಟ್ರಯಾಜ್ ಅಂತಾರೆ.

ಈ ಪತ್ರವನ್ನು ತಮಗೊಬ್ಬರಿಗೇ ಕಳಿಸದೆ ಎಲ್ಲರೂ ಓದುವ ಹಾಗೆ ಬರೆದಿದ್ದೇನೆ. ಬಾಗಿಲ ಹೊರಗೆ ಕಾಯುವವರಿಗೂ ಇದು ಅರ್ಥವಾಗದಿದ್ದರೆ ಒಳಗಿರುವವರು ಎಷ್ಟು ಕಷ್ಟಪಟ್ಟರೂ ನಡೆಯುವ ಕೆಲಸ ಇದಲ್ಲ.

ಈಗ ಹೇಗೆ ನಡೆಯುತ್ತಿದೆ ಅಂತ ಹೇಳುತ್ತೇನೆ. ರಾತ್ರಿ ಎಂಟರ ಹೊತ್ತು. ಒಪಿಡಿ ಯಾವಾಗಲೋ ಮುಚ್ಚಿದೆ. ಜ್ವರದ ಮಗು, ಹೊಟ್ಟೆನೋವು, ನಾಯಿ ಕಚ್ಚಿದವರು, ತಾಲ್ಲೂಕಿನಿಂದ ರೆಫರ್ ಆಗಿ ಬಂದವರು, ಎಲ್ಲರೂ ಒಂದೇ ಬಾಗಿಲಿಗೆ ಬರುತ್ತಾರೆ. ಅಷ್ಟರಲ್ಲಿ ಬೈಕಿನಿಂದ ಬಿದ್ದ ಹುಡುಗನೊಬ್ಬನನ್ನು ಹತ್ತಾರು ಜನ ಸೇರಿ ಕರೆತರುತ್ತಾರೆ. ಹಣೆಯಿಂದ ರಕ್ತ ಇಳಿಯುತ್ತಿದೆ. ನೋಡಿದವರಿಗೆ ಎದೆ ಝಲ್ ಅನ್ನುತ್ತದೆ. ಆದರೆ ಹುಡುಗ ನಡೆದುಕೊಂಡೇ ಬಂದಿದ್ದಾನೆ, ಹೆಸರು ಕೇಳಿದರೆ ಹೇಳುತ್ತಾನೆ, ನಾಡಿ ಸರಿಯಾಗಿದೆ. ಡ್ಯೂಟಿ ಡಾಕ್ಟರ್ ಒಬ್ಬರೇ. ಗುಂಪು ಅವರನ್ನು ಸುತ್ತುವರಿಯುತ್ತದೆ. "ಮೊದಲು ನಮ್ಮ ಹುಡುಗನನ್ನು ನೋಡಿ" ಅಂತ ಕೂಗು.

ಅದೇ ಹೊತ್ತಿಗೆ ಮೂಲೆಯ ಬೆಂಚಿನಲ್ಲಿ ಐವತ್ತು ದಾಟಿದ ಒಬ್ಬ ಹೆಂಗಸು ಕೂತಿರುತ್ತಾರೆ. ಶುಗರ್ ಇದೆ. ಬೆವರುತ್ತಿದ್ದಾರೆ. "ಗ್ಯಾಸ್ಟ್ರಿಕ್ ಜಾಸ್ತಿಯಾಗಿದೆ ಸಿಸ್ಟರ್, ಒಂದು ಇಂಜೆಕ್ಷನ್ ಕೊಟ್ಟರೆ ಸಾಕು" ಅಂತಾರೆ. ಅವರ ಕಡೆ ಕೂಗುವವರು ಯಾರೂ ಇಲ್ಲ. ಜೊತೆಗೆ ಬಂದ ಮಗ ಚೀಟಿ ಸಾಲಿನಲ್ಲಿ ನಿಂತಿದ್ದಾನೆ. ಶುಗರ್ ಇರುವವರಲ್ಲಿ, ಹೆಂಗಸರಲ್ಲಿ, ವಯಸ್ಸಾದವರಲ್ಲಿ ಹೃದಯಾಘಾತ ಎದೆ ಹಿಡಿದುಕೊಂಡು ಕೂಗುವ ನೋವಾಗಿಯೇ ಬರಬೇಕು ಅಂತೇನಿಲ್ಲ. ಬರೀ ಬೆವರು, ಸುಸ್ತು, ವಾಕರಿಕೆ, ಹೊಟ್ಟೆ ಮೇಲ್ಭಾಗದ ಉರಿಯಾಗಿಯೂ ಬರುತ್ತದೆ. ಇಂಥವರು ಬಾಗಿಲು ದಾಟಿದ 10 ನಿಮಿಷದೊಳಗೆ ಇಸಿಜಿ ಆಗಬೇಕು ಎನ್ನುವುದು ಜಗತ್ತಿನೆಲ್ಲೆಡೆ ಒಪ್ಪಿಕೊಂಡ ನಿಯಮ. ನಮ್ಮಲ್ಲಿ ಆ 10 ನಿಮಿಷ ಚೀಟಿ ಸಾಲಿನಲ್ಲೇ ಕಳೆದುಹೋಗುತ್ತದೆ.

ತಮ್ಮ ಸರ್ಕಾರವೇ 2023ರಲ್ಲಿ ಡಾ. ಪುನೀತ್ ರಾಜ್‌ಕುಮಾರ್ ಹೃದಯ ಜ್ಯೋತಿ ಯೋಜನೆ ತಂದಿತು. ತಾಲ್ಲೂಕು ಆಸ್ಪತ್ರೆಯಲ್ಲೇ ಇಸಿಜಿ, ದೊಡ್ಡ ಆಸ್ಪತ್ರೆಯ ತಜ್ಞರಿಂದ ಸಲಹೆ, ಹೆಪ್ಪುಗಟ್ಟಿದ ರಕ್ತ ಕರಗಿಸುವ ದುಬಾರಿ ಇಂಜೆಕ್ಷನ್ ಉಚಿತ. ಬಹಳ ಒಳ್ಳೆಯ ಯೋಜನೆ, ಮನಸಾರೆ ಹೇಳುತ್ತೇನೆ. ಆದರೆ "ಗ್ಯಾಸ್ಟ್ರಿಕ್" ಅಂತ ಬೆಂಚಿನಲ್ಲಿ ಕೂತ ಆ ಹೆಂಗಸನ್ನು ಯಾರೋ ಒಬ್ಬರು ಗುರುತು ಹಿಡಿದು ಇಸಿಜಿ ಕೋಣೆಗೆ ಕಳಿಸಬೇಕಲ್ವಾ? ಅದು ಯಾರ ಕೆಲಸ ಅಂತ ಇವತ್ತು ಕೇಳಿದರೆ ಬಹಳಷ್ಟು ಆಸ್ಪತ್ರೆಗಳಲ್ಲಿ ಒಬ್ಬರ ಹೆಸರು ಹೇಳಲು ಆಗುವುದಿಲ್ಲ.

ಹಾವು ಕಡಿತವನ್ನೇ ನೋಡಿ. 2024ರಲ್ಲಿ ಸರ್ಕಾರ ಇದನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಕಾಯಿಲೆ ಅಂತ ಘೋಷಿಸಿತು. ನಾಗರಹಾವೋ ಮಂಡಲದ ಹಾವೋ ಕಚ್ಚಿದರೆ ಕಾಲು ಊದುತ್ತದೆ, ನೋವಿಗೆ ಜನ ಒದ್ದಾಡುತ್ತಾರೆ, ಯಾರಿಗಾದರೂ ಗೊತ್ತಾಗುತ್ತದೆ. ಕಟ್ಟುಹಾವು ಹಾಗಲ್ಲ. ರಾತ್ರಿ ನೆಲದ ಮೇಲೆ ಮಲಗಿದ್ದವರನ್ನು ಕಚ್ಚುತ್ತದೆ. ನೋವು ಹೆಚ್ಚಿರುವುದಿಲ್ಲ. ಗುರುತೂ ಸರಿಯಾಗಿ ಕಾಣುವುದಿಲ್ಲ. ಬೆಳಗಿನ ಜಾವ ಹೊಟ್ಟೆನೋವು, ವಾಂತಿ ಅಂತ ಆಸ್ಪತ್ರೆಗೆ ಬರುತ್ತಾರೆ. ಆಮೇಲೆ ಕಣ್ಣು ರೆಪ್ಪೆ ಜೋತು ಬೀಳುತ್ತದೆ, ಮಾತು ತೊದಲುತ್ತದೆ, ಕೊನೆಗೆ ಉಸಿರಾಟವೇ ನಿಲ್ಲುತ್ತದೆ. ಆ ಜೋತುಬಿದ್ದ ರೆಪ್ಪೆಯನ್ನು ಬಾಗಿಲಲ್ಲೇ ಗಮನಿಸಿದರೆ ಜೀವ ಉಳಿಯುತ್ತದೆ. "ಹೊಟ್ಟೆನೋವು, ಹೋಗಿ ಕೂತ್ಕೊಳ್ಳಿ" ಅಂದರೆ ಉಳಿಯುವುದು ಕಷ್ಟ.

ಡೆಂಗಿ ಮಕ್ಕಳ ವಿಷಯ ಇನ್ನೂ ಸೂಕ್ಷ್ಮ. ಮಗುವಿಗೆ ಮೂರು ನಾಲ್ಕು ದಿನ ಜ್ವರ ಬಂದು ಬಿಟ್ಟಿರುತ್ತದೆ. ಅಪ್ಪ ಅಮ್ಮನಿಗೆ ಸಮಾಧಾನ. ನಿಜಕ್ಕೂ ಅಪಾಯ ಶುರುವಾಗುವುದು ಆ ಹೊತ್ತಿಗೇ. ಕೈಕಾಲು ತಣ್ಣಗಾಗುತ್ತವೆ, ನಾಡಿ ಸೋಲುತ್ತದೆ, ಹೊಟ್ಟೆ ನೋಯುತ್ತದೆ, ಮಗು ಮಂಕಾಗಿ ಅಮ್ಮನ ಹೆಗಲ ಮೇಲೆ ಮಲಗಿಬಿಡುತ್ತದೆ. ಥರ್ಮಾಮೀಟರ್ ಇಟ್ಟರೆ ಜ್ವರವಿಲ್ಲ. ಅಳುವ ಮಗು ಎಲ್ಲರ ಗಮನ ಸೆಳೆಯುತ್ತದೆ. ಅಳುವ ಶಕ್ತಿಯೂ ಇಲ್ಲದ ಮಗುವನ್ನು ಹುಡುಕಿ ನೋಡಬೇಕು. ನಮಗೆ ಹಿರಿಯ ಸಿಸ್ಟರ್‌ಗಳು ಹೇಳಿಕೊಟ್ಟ ಮೊದಲ ಪಾಠವೇ ಅದು: ಜೋರಾಗಿ ಕೂಗುವವರ ಉಸಿರಾಟ ಸದ್ಯಕ್ಕೆ ಸರಿಯಿದೆ, ಸುಮ್ಮನೆ ಬಿದ್ದಿರುವವರ ಹತ್ತಿರ ಮೊದಲು ಹೋಗು.

ರೇಷನ್ ಅಂಗಡಿಯಲ್ಲಿ ಮೊದಲು ಬಂದವರಿಗೆ ಮೊದಲು ಎನ್ನುವುದು ನ್ಯಾಯ. ಕ್ಯಾಶುವಾಲ್ಟಿಯಲ್ಲಿ ಆ ನ್ಯಾಯ ಜೀವ ತೆಗೆಯುತ್ತದೆ. ಇದನ್ನು ಬೇರೆ ದೇಶಗಳು ಯಾವತ್ತೋ ಕಂಡುಕೊಂಡು ನಿಯಮ ಮಾಡಿಕೊಂಡಿವೆ. ಆಸ್ಟ್ರೇಲಿಯಾದಲ್ಲಿ ಐದು ಹಂತ. ಮೊದಲ ಹಂತದವರಿಗೆ ತಕ್ಷಣ ಚಿಕಿತ್ಸೆ, ಎರಡನೆಯವರಿಗೆ 10 ನಿಮಿಷದೊಳಗೆ, ಮೂರನೆಯವರಿಗೆ 30, ನಾಲ್ಕನೆಯವರಿಗೆ 60, ಐದನೆಯವರಿಗೆ 120 ನಿಮಿಷ. ಕೆನಡಾ, ಇಂಗ್ಲೆಂಡ್, ಅಮೆರಿಕಗಳಲ್ಲೂ ಐದು ಹಂತದ ಪದ್ಧತಿಗಳಿವೆ. ನಿಮಿಷಗಳ ಲೆಕ್ಕ, ವಿಂಗಡಿಸುವ ರೀತಿ ಸ್ವಲ್ಪ ಬೇರೆ ಅಷ್ಟೇ. ದೆಹಲಿಯ ಏಮ್ಸ್ ಆಸ್ಪತ್ರೆ ತನ್ನದೇ ಆದ ಮೂರು ಬಣ್ಣದ ಪದ್ಧತಿ ಮಾಡಿಕೊಂಡಿದೆ. ವಿಶ್ವ ಆರೋಗ್ಯ ಸಂಸ್ಥೆ ಬೇರೆ ಸಂಸ್ಥೆಗಳ ಜೊತೆ ಸೇರಿ ತಯಾರಿಸಿದ್ದರಲ್ಲೂ ಮೂರೇ ಬಣ್ಣ. ಸಿಬ್ಬಂದಿ ಕಡಿಮೆ ಇರುವ ನಮ್ಮಂಥ ಕಡೆಗೆ ಮೂರು ಸಾಕು ಎನ್ನುವುದು ನನ್ನ ಅಭಿಪ್ರಾಯ. ಐದು ಹಂತ ಇಟ್ಟು ಅರ್ಧ ಜನ ಗೊಂದಲಪಡುವುದಕ್ಕಿಂತ ಮೂರು ಇಟ್ಟು ಎಲ್ಲರೂ ಸರಿಯಾಗಿ ಮಾಡುವುದು ಮೇಲು.

ಆದರೂ ನಾವು ನಿಜಕ್ಕೂ ನೋಡಿ ಕಲಿಯಬೇಕಾದದ್ದು ದಕ್ಷಿಣ ಆಫ್ರಿಕಾದಿಂದ. ಅಲ್ಲಿಯೂ ಸರ್ಕಾರಿ ಆಸ್ಪತ್ರೆಗಳಲ್ಲಿ ಜನ ಜಾಸ್ತಿ, ಡಾಕ್ಟರ್ ಕಡಿಮೆ. ಕೇಪ್‌ಟೌನ್ ಕಡೆಯ ವೈದ್ಯರು, ನರ್ಸ್‌ಗಳು ಸೇರಿ 2004ರಿಂದ ಒಂದು ಪದ್ಧತಿ ರೂಪಿಸಿದರು. ನರ್ಸ್ ಏಳು ವಿಷಯ ನೋಡುತ್ತಾರೆ: ನಡೆದು ಬಂದರೋ, ವೀಲ್‌ಚೇರಿನಲ್ಲೋ, ಸ್ಟ್ರೆಚರಿನಲ್ಲೋ; ಉಸಿರಾಟ ನಿಮಿಷಕ್ಕೆ ಎಷ್ಟು; ನಾಡಿ ಎಷ್ಟು; ಬಿ.ಪಿ. ಎಷ್ಟು, ಮೈ ಬಿಸಿ ಎಷ್ಟು, ಎಚ್ಚರ ಇದೆಯೋ ಇಲ್ಲವೋ, ಪೆಟ್ಟಾಗಿದೆಯೋ. ಪ್ರತಿಯೊಂದಕ್ಕೂ ಅಂಕ. ಕೂಡಿಸಿದರೆ ಬಣ್ಣ ಸಿಗುತ್ತದೆ. ಇದರ ಜೊತೆಗೆ ಅಂಕ ಎಷ್ಟೇ ಬರಲಿ, ಎದೆನೋವು, ವಿಷ ಕುಡಿದಿರುವುದು, ಫಿಟ್ಸ್ ಥರದ ಲಕ್ಷಣಗಳಿದ್ದರೆ ಮೇಲಿನ ಬಣ್ಣಕ್ಕೆ ಏರಿಸುತ್ತಾರೆ. ದೊಡ್ಡ ಪದವಿ ಇಲ್ಲದ ಸಹಾಯಕ ನರ್ಸ್‌ಗಳೂ ತರಬೇತಿ ಪಡೆದು ಇದನ್ನು ಮಾಡುತ್ತಾರೆ. ಬೇಕಾಗುವ ಸಾಮಾನು ನಮ್ಮ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲೂ ಇರುವಂಥದ್ದು.

ಈ ಏಳರಲ್ಲಿ ನಮ್ಮಲ್ಲಿ ಎಲ್ಲರೂ ಬಿಟ್ಟುಬಿಡುವುದು ಉಸಿರಿನ ಎಣಿಕೆ. ಕೇಸ್ ಶೀಟ್ ತೆಗೆದು ನೋಡಿ, ಎಷ್ಟೋ ಕಡೆ ಎಲ್ಲ ರೋಗಿಗಳಿಗೂ ಒಂದೇ ಸಂಖ್ಯೆ ಬರೆದಿರುತ್ತದೆ. ಎಣಿಸದೆ ಬರೆದದ್ದು ಅದು. ಎಣಿಸಲು ಯಂತ್ರ ಬೇಡ, ಸೆಕೆಂಡ್ ಮುಳ್ಳಿನ ಗಡಿಯಾರ ಸಾಕು. ದೊಡ್ಡವರು ಸಾಮಾನ್ಯವಾಗಿ ನಿಮಿಷಕ್ಕೆ 12ರಿಂದ 20 ಸಲ ಉಸಿರಾಡುತ್ತಾರೆ. 30 ದಾಟಿದರೆ ದೇಹದೊಳಗೆ ಏನೋ ಕೆಟ್ಟದ್ದು ನಡೆಯುತ್ತಿದೆ ಅಂತಲೇ ಅರ್ಥ. ಬಿ.ಪಿ. ಬೀಳುವುದಕ್ಕಿಂತ ಎಷ್ಟೋ ಮುಂಚೆ ಉಸಿರು ಸುಳಿವು ಕೊಡುತ್ತದೆ.

"ಇದರಿಂದ ಸಾವು ಕಡಿಮೆಯಾಗುತ್ತದೆಯೇ?" ಅಂತ ಹಣಕಾಸು ಇಲಾಖೆ ಕೇಳಬಹುದು. ಮಲಾವಿ ಎನ್ನುವ ಬಡ ದೇಶದ ಬ್ಲಾಂಟೈರ್ ನಗರದ ಸರ್ಕಾರಿ ಆಸ್ಪತ್ರೆಯ ಉದಾಹರಣೆ ಅವರ ಮುಂದಿಡಿ. ಅಲ್ಲಿ ಮಕ್ಕಳ ವಿಭಾಗಕ್ಕೆ ಬಂದವರನ್ನು ಬಾಗಿಲಲ್ಲೇ ವಿಂಗಡಿಸಿ, ತುರ್ತಿನವರಿಗೆ ಅಲ್ಲಿಯೇ ಚಿಕಿತ್ಸೆ ಶುರು ಮಾಡುವ ವ್ಯವಸ್ಥೆ ತಂದರು. ದಾಖಲಾದ ಮಕ್ಕಳ ಸಾವು ಸುಮಾರು ಅರ್ಧಕ್ಕೆ ಇಳಿಯಿತು. ಅದನ್ನು 2006ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಪತ್ರಿಕೆಯೇ ಪ್ರಕಟಿಸಿದೆ. ಬಂದವರನ್ನು ನೋಡುವ ಕ್ರಮ ಬದಲಾಗಿತ್ತು, ಸಿಬ್ಬಂದಿ ಕೆಲಸ ಹಂಚಿಕೊಳ್ಳುವ ರೀತಿ ಬದಲಾಗಿತ್ತು. ಬಂಗಾರದಂಥ ಯಂತ್ರಗಳೇನೂ ಬಂದಿರಲಿಲ್ಲ.

ನಮ್ಮಲ್ಲಿ ಟ್ರಯಾಜ್ ಇಲ್ಲವೇ ಇಲ್ಲ ಅಂತ ನಾನು ಹೇಳುತ್ತಿಲ್ಲ. ಅನುಭವ ಇರುವ ಡಾಕ್ಟರ್, ಸಿಸ್ಟರ್‌ಗಳು ಕಣ್ಣಲ್ಲೇ ಅಳೆಯುತ್ತಾರೆ. ಕೆಲವು ದೊಡ್ಡ ಆಸ್ಪತ್ರೆಗಳಲ್ಲಿ ಒಳ್ಳೆಯ ವ್ಯವಸ್ಥೆಯೂ ಇದೆ. 2009ರಲ್ಲಿ ನಮ್ಮ ದೇಶದಲ್ಲಿ ತುರ್ತು ಚಿಕಿತ್ಸೆಯನ್ನು ಪ್ರತ್ಯೇಕ ತಜ್ಞ ವಿಭಾಗವಾಗಿ ಒಪ್ಪಿಕೊಂಡ ಮೇಲೆ ಅದನ್ನೇ ಓದಿ ಬಂದ ಯುವ ವೈದ್ಯರೂ ಇದ್ದಾರೆ. ತೊಂದರೆ ಏನೆಂದರೆ, ಬಹಳ ಕಡೆ ಈ ವಿಂಗಡಣೆ ಕೆಲಸ ಮಾಡುವವರ ತಲೆಯೊಳಗೆ ಮಾತ್ರ ನಡೆಯುತ್ತದೆ. ಕಾಯುತ್ತಿರುವವರಿಗೆ ಅದು ಕಾಣುವುದಿಲ್ಲ. ಒಂದು ಗಂಟೆಯಿಂದ ಕೂತವರ ಕಣ್ಣೆದುರೇ ಈಗ ಬಂದವರನ್ನು ಒಳಗೆ ಕರೆದುಕೊಂಡರೆ ಅವರು ಏನೆಂದುಕೊಳ್ಳಬೇಕು? ದುಡ್ಡು ಕೊಟ್ಟಿರಬೇಕು, ದೊಡ್ಡವರ ಕಡೆಯವರಿರಬೇಕು ಅಂತಲೇ ಅಂದುಕೊಳ್ಳುತ್ತಾರೆ. ನಮ್ಮ ಊರುಗಳಲ್ಲಿ ಹಾಗೆ ಅಂದುಕೊಳ್ಳಲು ಅವರಿಗೆ ಸಾಕಷ್ಟು ಕಾರಣವೂ ಇದೆ.

ಅಲ್ಲಿಂದಲೇ ಜಗಳ ಶುರು. ವೈದ್ಯರು, ನರ್ಸ್‌ಗಳ ಮೇಲೆ ಹಲ್ಲೆ ಮಾಡಿದರೆ ಜೈಲು, ದಂಡ ಅಂತ ನಮ್ಮ ರಾಜ್ಯದಲ್ಲಿ 2009ರ ಕಾನೂನು ಇದೆ. ಅದರ ಬೋರ್ಡ್ ಆಸ್ಪತ್ರೆಗಳಲ್ಲಿ ಕಣ್ಣಿಗೆ ಕಾಣುವ ಹಾಗೆ ಹಾಕಿರುತ್ತಾರೆ. ಬೇಕಾದ ಕಾನೂನು, ನನಗೆ ಅದರ ಬಗ್ಗೆ ತಕರಾರಿಲ್ಲ. ಆದರೆ "ನಿಮ್ಮನ್ನು ಯಾಕೆ ಕಾಯಿಸುತ್ತಿದ್ದೇವೆ" ಅಂತ ಹೇಳುವ ಬೋರ್ಡ್ ಪಕ್ಕದಲ್ಲೇ ಇರಬೇಕಿತ್ತಲ್ವಾ? ಹೆದರಿ ಬಂದ ಜನರಿಗೆ ಶಿಕ್ಷೆಯ ಬೋರ್ಡ್ ಮಾತ್ರ ತೋರಿಸುವುದು ಸರಿಯಲ್ಲ.

ಇನ್ನು ಒಂದು ಮಾತು ತಮ್ಮ ಹತ್ತಿರವೇ ನೇರವಾಗಿ ಹೇಳಬೇಕು. ಕ್ಯಾಶುವಾಲ್ಟಿಯ ಫೋನಿಗೆ, ಡಾಕ್ಟರ್ ಮೊಬೈಲಿಗೆ ಬರುವ ಶಿಫಾರಸಿನ ಕರೆಗಳು. ಶಾಸಕರ ಕಚೇರಿಯಿಂದ, ಪಕ್ಷದ ಮುಖಂಡರಿಂದ, ಅಧಿಕಾರಿಗಳ ಆಪ್ತರಿಂದ ಬರುತ್ತವೆ. "ನಮ್ಮ ಕಡೆಯವರು ಬರ್ತಿದ್ದಾರೆ, ಸ್ವಲ್ಪ ಬೇಗ ನೋಡಿ." ಇಂಥ ಕರೆ ಬಂದಾಗ ಗುತ್ತಿಗೆ ಮೇಲೆ ಕೆಲಸ ಮಾಡುವ ಡಾಕ್ಟರ್ ಏನು ಮಾಡಬೇಕು? ಇನ್ನೂರು ವರ್ಷಕ್ಕೂ ಹಿಂದೆ, ನೆಪೋಲಿಯನ್ ಸೈನ್ಯದ ಶಸ್ತ್ರವೈದ್ಯ ಲಾರೆ ಎಂಬುವರು ಗಾಯಾಳುಗಳಲ್ಲಿ ಪದವಿ ನೋಡಬಾರದು, ಗಾಯ ಎಷ್ಟು ಗಂಭೀರ ಅಂತ ಮಾತ್ರ ನೋಡಬೇಕು ಅಂತ ನಿಯಮ ಮಾಡಿದ್ದರು. ಚಕ್ರವರ್ತಿಯ ಸೈನ್ಯದಲ್ಲಿ ಆಗ ಸಾಧ್ಯವಾದದ್ದು ಪ್ರಜಾಪ್ರಭುತ್ವದಲ್ಲಿ ಈಗ ಯಾಕೆ ಆಗಬಾರದು? ತಮ್ಮ ಸಹಿ ಇರುವ ಒಂದು ಸುತ್ತೋಲೆ ಹೊರಡಿಸಿ. ತುರ್ತು ವಿಭಾಗದಲ್ಲಿ ಬಣ್ಣದ ಕ್ರಮವನ್ನು ಯಾರ ಫೋನೂ ಬದಲಿಸುವಂತಿಲ್ಲ, ತಮ್ಮ ಕಚೇರಿಯದ್ದೂ ಸೇರಿ. ಆ ಸುತ್ತೋಲೆ ಗೋಡೆಗೆ ಅಂಟಿಸಿದರೆ ಕೆಳಗಿನವರಿಗೆ ಎಷ್ಟು ಧೈರ್ಯ ಬರುತ್ತದೆ ಎನ್ನುವುದು ಒಳಗೆ ಕೆಲಸ ಮಾಡಿದವರಿಗೆ ಗೊತ್ತು.

ಕಾನೂನಿನ ಬಲವಂತೂ ಇದೆ. ಪರ್ಮಾನಂದ್ ಕಟಾರ ಪ್ರಕರಣದಲ್ಲಿ 1989ರಲ್ಲೇ ಸುಪ್ರೀಂ ಕೋರ್ಟ್, ಜೀವ ಉಳಿಸುವುದು ಮೊದಲು, ಪೊಲೀಸ್ ವಿಧಿವಿಧಾನ ಆಮೇಲೆ ಅಂತ ಹೇಳಿತು. 1996ರಲ್ಲಿ ಪಶ್ಚಿಮ ಬಂಗಾಳದ ಪ್ರಕರಣದಲ್ಲಿ, ರೈಲಿನಿಂದ ಬಿದ್ದ ಒಬ್ಬ ಕೃಷಿ ಕಾರ್ಮಿಕನನ್ನು ಒಂದಾದ ಮೇಲೊಂದು ಸರ್ಕಾರಿ ಆಸ್ಪತ್ರೆ ಬೆಡ್ ಇಲ್ಲ ಅಂತ ಸಾಗಹಾಕಿದ್ದನ್ನು ಜೀವಿಸುವ ಹಕ್ಕಿನ ಉಲ್ಲಂಘನೆ ಅಂತ ತೀರ್ಪು ಕೊಟ್ಟಿತು. ನಮ್ಮ ರಾಜ್ಯದ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯ್ದೆಗೆ ತಂದ 2017ರ ತಿದ್ದುಪಡಿಯ ಪ್ರಕಾರ ಖಾಸಗಿ ಆಸ್ಪತ್ರೆಗಳು ತುರ್ತು ಸಂದರ್ಭದಲ್ಲಿ ಮುಂಗಡ ಹಣಕ್ಕೆ ಪಟ್ಟು ಹಿಡಿಯುವಂತಿಲ್ಲ. ಆದರೆ ಯಾವುದು ತುರ್ತು ಅಂತ ಬಾಗಿಲಲ್ಲೇ ಒಬ್ಬರು ನೋಡಿ, ಹೊತ್ತು ಬರೆದು, ಸಹಿ ಹಾಕದಿದ್ದರೆ ಈ ಕಾನೂನುಗಳು ರೋಗಿಯ ಕೈಗೆ ಬರುವುದು ಹೇಗೆ? ಬಣ್ಣ ಬರೆದ ಒಂದು ಚೀಟಿ ರೋಗಿಗೂ ಸಾಕ್ಷಿ, ಸಿಬ್ಬಂದಿಗೂ ರಕ್ಷಣೆ.

ಹೊರಗೆ ಕಾಯುವ ಅಣ್ಣ, ಅಕ್ಕ, ಅಮ್ಮಂದಿರಿಗೆ ಎರಡು ಮಾತು. ನಿಮಗೆ ಹಸಿರು ಕೊಟ್ಟರೆ ನಿಮ್ಮ ನೋವು ಸುಳ್ಳು ಅಂತಲ್ಲ. ಮೂಳೆ ಬಿರುಕು ಬಿಟ್ಟರೂ ಹಸಿರೋ ಹಳದಿಯೋ ಆಗಬಹುದು, ನೋವಂತೂ ಜೀವ ಹಿಂಡುತ್ತದೆ. ನೋವಿಗೆ ಮಾತ್ರೆ ಕೇಳುವ ಹಕ್ಕು ನಿಮಗಿದೆ, ಕೇಳಿ. ಕಾಯುವಾಗ ಉಸಿರು ಏರಿದರೆ, ಮಂಪರು ಬಂದರೆ, ಮತ್ತೆ ವಾಂತಿಯಾದರೆ, ಕೈಕಾಲು ಸೋತರೆ ತಕ್ಷಣ ಎದ್ದು ಬಂದು ಹೇಳಿ. ಸುಮ್ನೆ ತೊಂದರೆ ಕೊಡಬಾರದು ಅಂತ ಕೂರಬೇಡಿ. ಬಂದ ಕೂಡಲೇ ತೊಂದರೆ ಎಷ್ಟು ಗಂಟೆಗೆ ಶುರುವಾಯಿತು ಅಂತ ಹೇಳಿ. ಲಕ್ವ ಹೊಡೆದು ಬಾಯಿ ಸೊಟ್ಟಗಾಗಿ ಕೈ ಸ್ವಾಧೀನ ತಪ್ಪಿದವರಿಗೆ ಹೆಪ್ಪು ಕರಗಿಸುವ ಇಂಜೆಕ್ಷನ್ ಕೊಡಲು ಸಾಮಾನ್ಯವಾಗಿ ನಾಲ್ಕೂವರೆ ಗಂಟೆಯ ಗಡುವಿದೆ, ಆ ಲೆಕ್ಕ ಶುರುವಾಗುವುದು ನೀವು ಹೇಳುವ ಸಮಯದಿಂದ. ಹೊಲಕ್ಕೆ ಹೊಡೆಯುವ ಔಷಧಿ ಕುಡಿದವರನ್ನು ಕರೆತಂದರೆ ಮುಚ್ಚಿಡಬೇಡಿ. ಪೊಲೀಸ್ ಕೇಸಿನ ಭಯಕ್ಕೆ "ಫುಡ್ ಪಾಯ್ಸನ್" ಅಂದರೆ ಬಣ್ಣ ತಪ್ಪಾಗುತ್ತದೆ. ಡಬ್ಬಿ ಸಿಕ್ಕರೆ ಜೊತೆಗೇ ತನ್ನಿ.

ಮಾನ್ಯರೇ, ಟ್ರಯಾಜ್ ತಂದರೆ ಎಲ್ಲ ಸರಿಹೋಗುತ್ತದೆ ಅಂತ ನಾನು ಆಸೆ ತೋರಿಸುವುದಿಲ್ಲ. ಅದರಿಂದ ಹೊಸ ಬೆಡ್ ಹುಟ್ಟುವುದಿಲ್ಲ. ವಾರ್ಡಿನಲ್ಲಿ ಜಾಗ ಇಲ್ಲದೆ ಕ್ಯಾಶುವಾಲ್ಟಿ ಮಂಚದಲ್ಲೇ ದಿನವಿಡೀ ಮಲಗಿರುವ ರೋಗಿಗಳಿಂದಾಗಿ ಹೊಸಬರಿಗೆ ಮಂಚ ಸಿಗುವುದಿಲ್ಲ, ಅದು ಬೇರೆಯೇ ದೊಡ್ಡ ಸಮಸ್ಯೆ. ಕೆಂಪು ಬಣ್ಣ ಕೊಟ್ಟ ಮೇಲೆ ಒಳಗೆ ಡಾಕ್ಟರ್, ಆಕ್ಸಿಜನ್, ಔಷಧಿ ಇಲ್ಲದಿದ್ದರೆ ಆ ಬಣ್ಣಕ್ಕೆ ಬೆಲೆಯೂ ಇಲ್ಲ. ಹಸಿರು ಬಣ್ಣದವರೇ ಬಹಳ ಜನ ಇರುತ್ತಾರೆ. ಸಂಜೆ ಆರರಿಂದ ಹತ್ತರವರೆಗೆ ಅವರಿಗೆಂದೇ ಪಕ್ಕದ ಕೋಣೆಯಲ್ಲಿ ಇನ್ನೊಬ್ಬ ಡಾಕ್ಟರ್ ಕೂರಬೇಕು. ಕೂಲಿ ಮುಗಿಸಿ ಬರುವವರಿಗೆ ಸಂಜೆ ಬಿಟ್ಟರೆ ಬೇರೆ ಹೊತ್ತಿಲ್ಲ, ಅವರನ್ನು "ಒಪಿಡಿಗೆ ಯಾಕೆ ಬರಲಿಲ್ಲ" ಅಂತ ಬೈದು ಪ್ರಯೋಜನವಿಲ್ಲ.

ನರ್ಸ್ ವಿಷಯದಲ್ಲಿ ಮೂರು ಎಚ್ಚರಿಕೆ ಬೇಕು. ಹೊಸದಾಗಿ ಸೇರಿದವರನ್ನು ಆ ಕುರ್ಚಿಗೆ ಹಾಕಬೇಡಿ. ಅಲ್ಲಿ ಕೂರುವವರಿಗೆ ನೋಡಿದ ಕೂಡಲೇ ಅನುಮಾನ ಬರುವಷ್ಟು ಅನುಭವ ಇರಬೇಕು. "ಒಂದು ನಿಮಿಷ ಡ್ರಿಪ್ ಹಾಕಿ ಬನ್ನಿ ಸಿಸ್ಟರ್" ಅಂತ ಅವರನ್ನು ಅಲ್ಲಿಂದ ಎಬ್ಬಿಸಬಾರದು. ಅವರು ಕೆಂಪು ಅಂದರೆ ಕೆಂಪೇ, ಡಾಕ್ಟರ್ ಬಂದು ಒಪ್ಪುವವರೆಗೆ ಕಾಯುವಂತಿಲ್ಲ ಅಂತ ಬರವಣಿಗೆಯಲ್ಲಿ ಅಧಿಕಾರ ಕೊಡಿ. ಇಸಿಜಿ, ಶುಗರ್ ಪರೀಕ್ಷೆ, ಆಕ್ಸಿಜನ್ ಶುರು ಮಾಡಲೂ ಅನುಮತಿ ಇರಲಿ. ಹಳದಿಯವರನ್ನು ಅರ್ಧ ಗಂಟೆಗೊಮ್ಮೆ ಮತ್ತೆ ನೋಡಬೇಕು, ಬಣ್ಣ ಒಂದು ಸಲ ಕೊಟ್ಟರೆ ಮುಗಿಯಲಿಲ್ಲ. ಮೂರು ಪಾಳಿ, ವಾರದ ರಜೆ, ಸಿ.ಎಲ್. ಎಲ್ಲ ಸೇರಿಸಿದರೆ ಒಂದು ಕುರ್ಚಿಗೆ ನಾಲ್ಕೈದು ಹುದ್ದೆ ಬೇಕಾಗುತ್ತದೆ. ಇರುವವರಲ್ಲೇ ಹೊಂದಿಸಿಕೊಳ್ಳಿ ಅಂತ ಆದೇಶ ಬಂದರೆ ಒಂದು ತಿಂಗಳಲ್ಲಿ ಆ ಕುರ್ಚಿ ಖಾಲಿ ಬೀಳುತ್ತದೆ.

ಒಮ್ಮೆಗೇ ಇಡೀ ರಾಜ್ಯಕ್ಕೆ ಬೇಡ. ಎರಡು ಜಿಲ್ಲಾ ಆಸ್ಪತ್ರೆ, ಅವುಗಳ ಕೆಳಗಿನ ತಾಲ್ಲೂಕು ಆಸ್ಪತ್ರೆಗಳನ್ನು ಆರಿಸಿಕೊಳ್ಳಿ. 108 ಆಂಬುಲೆನ್ಸ್ ಸಿಬ್ಬಂದಿಗೂ ಅದೇ ಬಣ್ಣದ ಭಾಷೆ ಕಲಿಸಿ, ದಾರಿಯಿಂದಲೇ "ಕೆಂಪು ಬರ್ತಿದೆ" ಅಂತ ಫೋನ್ ಬರಲಿ. ರಿಜಿಸ್ಟರಿನಲ್ಲಿ ಮೂರು ವಿಷಯ ಬರೆಯಲಿ: ಬಂದ ಹೊತ್ತು, ಕೊಟ್ಟ ಬಣ್ಣ, ಡಾಕ್ಟರ್ ನೋಡಿದ ಹೊತ್ತು. ಆರು ತಿಂಗಳಾದ ಮೇಲೆ ಆ ಲೆಕ್ಕವನ್ನು ಜನರ ಮುಂದೆ ಇಡಿ, ಚೆನ್ನಾಗಿಲ್ಲದಿದ್ದರೂ ಇಡಿ. ತರಬೇತಿಗೆ ಕರೆದರೆ ನಾನು ಬರುತ್ತೇನೆ. ಕ್ಯಾಶುವಾಲ್ಟಿಯಲ್ಲಿ ವರ್ಷಗಟ್ಟಲೆ ದುಡಿದು ನಿವೃತ್ತರಾದ ಸಿಸ್ಟರ್, ಬ್ರದರ್‌ಗಳು ಪ್ರತಿ ಜಿಲ್ಲೆಯಲ್ಲೂ ಇದ್ದಾರೆ. ಅವರನ್ನೂ ಕರೆಸಿ.

ಇಂತಿ ತಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ನರ್ಸಿಂಗ್ ಅಧಿಕಾರಿ